ಎರಡು ಕೊನೆಗಳ ಪೊರೋಶಿನ್

ಮೇಲಿನ ಮಹಡಿಯ ವೆನೆದಿಕ್ತ್ ಲೂಕಿಚ್ ಪೊರೋಶಿನ್‌ನನ್ನು ನಾನು ಮೊದಲಿನಿಂದಲೂ ನಂಬಿರಲಿಲ್ಲ. ಮಾಸ್ಕೋದಲ್ಲಿ ಒಣಮೀನಿಗೂ ಜನ ಕಚ್ಚಾಡುತ್ತಿದ್ದ ಚಳಿಗಾಲ ಅದು. ಈತ ಮಾತ್ರ ಮೆಟ್ಟಿಲ ಮೇಲೆ ಎದುರಾದರೆ ಟೋಪಿ ತೆಗೆದು ಬಾಗುತ್ತಿದ್ದ. ಆ ಕಾಲದಲ್ಲಿ ಯಾರಿಗೆ ಬೇಕಿತ್ತು ಅಷ್ಟೊಂದು ವಿನಯ?

ಕೊಸ್ತ್ರೊಮಾ ಊರಿನ ಟೋಪಿ ಹೊಲಿಯುವವನ ಮಗನಂತೆ. ಯುದ್ಧಕ್ಕೆ ಮುಂಚೆ ಸಿನಿಮಾ ಸೇರಿ, ಆರು ವರ್ಷದಲ್ಲಿ ಹತ್ತೊಂಬತ್ತು ಸಲ ಸತ್ತಿದ್ದನಂತೆ: ವಿಷ ಕುಡಿದು, ನದಿಗೆ ಹಾರಿ, ಗುಂಡು ಹೊಡೆದುಕೊಂಡು. ಕ್ಯಾಮೆರಾದ ಹಿಡಿ ತಿರುಗುವಷ್ಟು ಹೊತ್ತೂ ಅಲುಗಾಡದೆ ನಿಂತು, ಹೇಳಿದ ಕ್ಷಣಕ್ಕೆ ಒಂದೇ ಹನಿ ಕಣ್ಣೀರು ಇಳಿಸುವುದು ಅವನ ಕಸುಬು. ಕ್ರಾಂತಿಯಾದ ಮೇಲೆ ಫಿಲ್ಮ್ ಸಿಗದೆ ಸ್ಟುಡಿಯೋ ಮುಚ್ಚಿತು. ಆಗಿನಿಂದ ಟ್ರಾಮ್ ಹಳಿಗಳ ಮೇಲಿನ ಹಿಮ ಗೋರುತ್ತಿದ್ದ. ಇದೆಲ್ಲ ಅವನೇ ಹೇಳಿಕೊಂಡದ್ದು, ಕಂಡವರು ಯಾರು?

ನನ್ನದು ಹೊಲಿಗೆ ಕೆಲಸ. ಒಂದು ದಿನ ಅವನು ಕೊಟ್ಟಿದ್ದ ಕೋಟಿಗೆ ತೇಪೆ ಹಾಕುವಾಗ ಒಳಜೇಬಿನಲ್ಲಿ ಫೋಟೋ ಸಿಕ್ಕಿತು. ಅವನ ಮೈಮೇಲೆ ತ್ಸಾರ್ ಕಾಲದ ಸೇನಾಧಿಕಾರಿಯ ಉಡುಪು, ಅಂದರೆ ಕ್ರಾಂತಿಯ ಶತ್ರುವಿನ ಉಡುಪು; ಪಕ್ಕದಲ್ಲಿ ಮದುವಣಗಿತ್ತಿ, ಹಿಂಬದಿಯಲ್ಲಿ ಫ್ರೆಂಚ್ ಬರಹ. ನೇರವಾಗಿ ಒಯ್ದು, ಕಟ್ಟಡದಲ್ಲಿ ಯಾರಿರಬೇಕೆಂದು ತೀರ್ಮಾನಿಸುವ ಮನೆ ಸಮಿತಿಯ ಅಧ್ಯಕ್ಷ ಜಖಾರ್ ಕುಜ್ಮಿಚ್ ಕೈಗಿಟ್ಟೆ.

ಬಟ್ಟೆ ಒಗೆಯುವ ಕೋಣೆಯಲ್ಲಿ, ನಾನೂ ಒಬ್ಬಳಾಗಿದ್ದ ಆ ಸಮಿತಿ ಸೇರಿತು. ಪೊರೋಶಿನ್ ಮನೆಯಲ್ಲಿರಬೇಕೋ ಬೀದಿಗೆ ಬೀಳಬೇಕೋ ಎಂಬುದೇ ಪ್ರಶ್ನೆ.

“ಅದು ವೇಷ ಕಣ್ರೀ, ಸಿನಿಮಾದ್ದು,” ಎಂದ ಪೊರೋಶಿನ್.

“ಫ್ರೆಂಚಲ್ಲಿ ಯಾಕ್ ಬರ್ದಿದೆ ಮತ್ತೆ?” ಜಖಾರ್ ಬಿಡಲಿಲ್ಲ.

“ಒಂದೇ ಕತೆಗೆ ಎರಡು ಕೊನೆ ತೆಗೀತಿದ್ರು. ಹೊರದೇಶದೋರಿಗೆ ಸುಖ ಬೇಕು, ಅವ್ರಿಗೆ ಮದ್ವೆ. ನಮ್ಮೋರಿಗೆ ಅಳೋದಂದ್ರೆ ಇಷ್ಟ, ಅದಕ್ಕೆ ಇಲ್ಲಿ ಸಾಯ್ತಿದ್ದೆ. ಇದು ಅಲ್ಲಿಗೆ ಕಳ್ಸಿದ ಮದ್ವೆ.”

“ಓಹೋ! ಅವ್ರಿಗೊಂದು ಮುಖ, ನಮಗೊಂದು ಮುಖ!”

“ನಟ ಅಂತೀರಲ್ಲ, ಏನಾದ್ರೂ ನಟಿಸಿ ನೋಡೋಣ,” ಎಂದವಳು ನಾನೇ.

ಅವನು ಅಲುಗಾಡದೆ ನಿಂತ. ಯಾರೋ ಕಿಸಕ್ಕೆಂದರು. ಆಮೇಲೆ ಎಡಗಣ್ಣಿನಿಂದ ಒಂದು ಹನಿ ನಿಧಾನವಾಗಿ ಮೀಸೆಗೆ ಇಳಿಯಿತು. ನಾನು ಶಾಲಿನ ಅಂಚನ್ನು ಕಣ್ಣಿಗೆ ಒತ್ತಿಕೊಂಡೆ. ಒತ್ತಿಕೊಳ್ಳುವಂತಾಯಿತಲ್ಲ ಎಂದು ಅವನ ಮೇಲೇ ಸಿಟ್ಟು ಬಂತು.

“ಬೇಕಂದಾಗ ಅಳೋನ್ನ ಹೇಗ್ರೀ ನಂಬೋದು?” ಎಂದ ಜಖಾರ್.

ಹೊರಹಾಕಿ ಎಂದು ನಾಲ್ವರು, ಬೇಡ ಎಂದು ನಾಲ್ವರು. ಕೊನೆಯದು ನನ್ನ ಕೈ. ಹೊರಹಾಕಿ ಎನ್ನುವವರ ಕಡೆಗೆ ಎತ್ತಿಬಿಟ್ಟೆ.

ಗಂಟು ಹೊತ್ತು ಹೊರಟವನು ನನ್ನ ಬಾಗಿಲಲ್ಲಿ ಟೋಪಿ ತೆಗೆದ. “ಪೆಲಗೇಯಾ ನಿಕಿತಿಷ್ನಾ, ನನ್ನ ಕೋಣೆ ಒಲೆ ಕೊಳವೆ ಹೊಗೆ ಉಗುಳುತ್ತೆ. ಮುಂದೆ ಬರೋರಿಗೆ ಹೇಳ್ಬಿಡಿ.” ಕಣ್ಣು ಒಣಗಿತ್ತು. ತಪ್ಪಿಲ್ಲದವನಾದರೆ ಈಗ ಅಳಬೇಕಿತ್ತಲ್ಲವೇ ಎಂದುಕೊಂಡು ಬಾಗಿಲು ಹಾಕಿದೆ. ವಾರದೊಳಗೆ ಆ ಕೋಣೆಗೆ ಜಖಾರ್‌ನ ಬಾಮೈದ ಬಂದಿಳಿದ.

ವಸಂತದಲ್ಲಿ ಕಾರ್ಮಿಕರ ಕ್ಲಬ್ಬಿನಲ್ಲಿ ಹಳೆಯ ಚಿತ್ರವೊಂದನ್ನು ತೋರಿಸಿದರು. ಪರದೆಯ ಮೇಲೆ ಪೊರೋಶಿನ್! ಫೋಟೋದಲ್ಲಿದ್ದ ಅದೇ ಉಡುಪು, ಅದೇ ಹುಡುಗಿ. ಮುಖ ದೊಡ್ಡದಾಗಿ ಬಂದಾಗ ನನ್ನ ಹೊಲಿಗೆಯ ಕಣ್ಣಿಗೆ ಕಂಡಿತು: ಹೆಗಲಪಟ್ಟಿ ಬರೀ ರಟ್ಟು, ಒಂದು ಮೂಲೆ ಬಿಚ್ಚಿಕೊಂಡಿತ್ತು. ಹುಡುಗಿ ಬೇರೆಯವನ ಕೈಹಿಡಿದಳು, ಅವನು ಪಿಸ್ತೂಲು ಎತ್ತಿಕೊಂಡ. ನಮಗೆಂದು ತೆಗೆದ ಕೊನೆ. ನಾನು ಬಿಕ್ಕಿ ಬಿಕ್ಕಿ ಅತ್ತೆ.

ಪಕ್ಕದಲ್ಲಿದ್ದ ಜಖಾರ್ ತಿರುಗಿ ನನ್ನನ್ನೇ ದಿಟ್ಟಿಸಿದ.

“ನೀವ್ಯಾಕ್ರೀ ಇಷ್ಟೊಂದು ಅಳ್ತೀರಾ? ಅವನಿಗೂ ನಿಮಗೂ ಏನಾದ್ರೂ ಇತ್ತಾ?”

ತಟ್ಟನೆ ಕಣ್ಣೊರೆಸಿಕೊಂಡು, ಮುಖ ಅಲುಗಿಸದೆ ಕುಳಿತೆ.