ರಾಕ್ಷಸನ ಧ್ವನಿ ಯಾರದು?

ಬ್ಯಾಸ್ಕೆಟ್‌ಬಾಲ್ ಆಡುವುದೇ ನನಗೆ ರೈಲ್ವೆಯಲ್ಲಿ ನೌಕರಿಯಾಗಿತ್ತು. ಮೊಣಕಾಲು ಕೆಟ್ಟು ಆಟ ನಿಂತ ಮೇಲೆ, ನನ್ನ ಎತ್ತರ ನೋಡಿದ ನಿರ್ದೇಶಕರೊಬ್ಬರು ಮೊದಲು ಸಿನಿಮಾದಲ್ಲಿ, ಆಮೇಲೆ ಟಿ.ವಿ. ಧಾರಾವಾಹಿಯಲ್ಲಿ ರಾಕ್ಷಸನ ಪಾತ್ರ ಕೊಟ್ಟರು. ಅವ್ವ ನಂಬಲಿಲ್ಲ. ಬೆಂಗಳೂರಿನಲ್ಲಿ ನಾನು ಬೇರೇನೋ ಮಾಡುತ್ತಿದ್ದೇನೆಂದೇ ಅವಳ ಗುಮಾನಿ.

ಒಂದು ಭಾನುವಾರ ನಮ್ಮೂರು ಆಳಂದಕ್ಕೆ ಹೋಗಿ, ಪಕ್ಕದ ಮನೆಯ ಟಿ.ವಿ. ಮುಂದೆ ಅವಳನ್ನು ಕೂಡಿಸಿದೆ. ಪರದೆಯ ಮೇಲೆ ನಾನು ಗದೆ ಎತ್ತಿ ಅಬ್ಬರಿಸುತ್ತಿದ್ದೆ. ಅವ್ವ ಟಿ.ವಿ.ಯನ್ನೂ ನನ್ನನ್ನೂ ಮತ್ತೆ ಮತ್ತೆ ನೋಡಿದಳು.

“ಮಾರಿ ನಿಂದೇ ಅದ. ಧ್ವನಿ ಯಾರ್ದು?”

“ಬ್ಯಾರೆಯವ್ರು ಮಾತಾಡ್ಯಾರ ಬೇ. ನನ್ನ ಮಾತು ಆಳಂದದ ಮಾತಿನಂಗ ಕೇಳಿಸ್ತದಂತ ಡೈರೆಕ್ಟರು ಅಂದ್ರು.”

“ಯಾಕ, ಆಳಂದದಾಗ ರಾಕ್ಷಸರು ಇರಂಗಿಲ್ಲೇನು?”

ಅವ್ವ ಸಿಟ್ಟಿನಿಂದ ಎದ್ದು ಹೋದಳು. ಅಂದಿನಿಂದ ಅವಳ ಗುಮಾನಿಯೆಲ್ಲ ಆ ನಿರ್ದೇಶಕರ ಮೇಲೆ ತಿರುಗಿತು.