ಕತ್ತರಿಸಿದ ಮೀಸೆಯನ್ನು ಮತ್ತೆ ಅಂಟಿಸುವ ಜಟ್ಟಿಂಗಪ್ಪ

ಬ್ಲೇಡಿನ ತುದಿಯಿಂದ ಫಿಲ್ಮಿನ ಅಂಚು ಕೆರೆದು, ಕಡ್ಡಿಯಲ್ಲಿ ಒಂದು ತೊಟ್ಟು ಅಂಟು ಸವರಿ, ಎರಡು ತುಂಡುಗಳನ್ನು ಹೆಬ್ಬೆರಳಿನಡಿ ಒತ್ತಿ ಹಿಡಿದು ಜಟ್ಟಿಂಗಪ್ಪ ಇಪ್ಪತ್ತರವರೆಗೆ ಎಣಿಸುತ್ತಾರೆ. ತೀರ್ಥಹಳ್ಳಿಯ ಟೂರಿಂಗ್ ಟಾಕೀಸಿನ ಟೆಂಟಿನೊಳಗೆ ಬೆಳಕು ಈಗಷ್ಟೇ ನುಸುಳುತ್ತಿದೆ. ಅಂಟಿಗೆ ಕಳಿತ ಬಾಳೆಹಣ್ಣಿನ ವಾಸನೆ. ಎಂಟು ಗಂಟೆಯ ಬಸ್ಸಿಗೆ ಪಿಕ್ಚರಿನ ಪೆಟ್ಟಿಗೆ ಹೊರಡಬೇಕು.

"ಮಾತಾಡಿಸ್ಬೇಡಿ ಅಮ್ಮಾ, ಹದಿನೇಳಕ್ಕೆ ಬಂದಿದೀನಿ" ಎಂದು ನನಗೆ ಅನ್ನುತ್ತಾರೆ. ಅಂದದ್ದರಿಂದಲೇ ಲೆಕ್ಕ ತಪ್ಪಿ ಮತ್ತೆ ಒಂದರಿಂದ ಶುರು ಮಾಡುತ್ತಾರೆ.

ಜಟ್ಟಿಂಗಪ್ಪ ಮಂಡಗದ್ದೆ ಕಡೆಯವರು. ನಲವತ್ತೆಂಟು ವರ್ಷ. ರಾತ್ರಿಶಾಲೆಯಲ್ಲಿ ಅವರೂ ನಾನೂ ಒಂದೇ ಹಲಗೆಯ ಮೇಲೆ ಅಕ್ಷರ ತಿದ್ದಿದವರು. ಹನ್ನೆರಡು ವರ್ಷದಿಂದ ಈ ಟೆಂಟಿನ ಜೊತೆ ಸಾಗರ, ಹೊಸನಗರ, ತೀರ್ಥಹಳ್ಳಿ ಅಂತ ತಿರುಗುತ್ತಿದ್ದಾರೆ. ಹರಿದ ಫಿಲ್ಮು ಕೂಡಿಸುವುದೇ ಕೆಲಸ. ವಾರಕ್ಕೆ ನಲವತ್ತು, ಐವತ್ತು ಅಂಟು.

ಭಾನುವಾರ ಅಮೆರಿಕದ ಪಿಕ್ಚರು. ಹೊಸನಗರದಲ್ಲಿ ಹಳ್ಳಿಗಳ ಕಡೆಗೆ ಹೋಗುವ ಕೊನೆಯ ಬಸ್ಸು ಎಂಟೂಮುಕ್ಕಾಲಿಗೆ. ಪಿಕ್ಚರು ಉದ್ದವಾದರೆ ಮ್ಯಾನೇಜರ್ ಸೀತಾರಾಮಪ್ಪ ಬಂದು ನಿಲ್ಲುತ್ತಿದ್ದರು. "ಐದು ನಿಮಿಷ ತೆಗಿ ಮಾರಾಯ. ಹೀರೋನ ಮುಟ್ಬೇಡ, ಕುದುರೆ ಮುಟ್ಬೇಡ." ಅವೆರಡನ್ನೂ ಬಿಟ್ಟರೆ ಕತ್ತರಿಗೆ ಸಿಕ್ಕುತ್ತಿದ್ದವರು ಒಬ್ಬರೇ, ದಪ್ಪಮೀಸೆ.

ಆ ಅಮೆರಿಕದ ನಟನಿಗೆ ಜಟ್ಟಿಂಗಪ್ಪ ಇಟ್ಟ ಹೆಸರು ಅದು. ಹದಿನಾಲ್ಕು ಪಿಕ್ಚರುಗಳಲ್ಲಿ ಅವರನ್ನು ಗುರುತು ಹಿಡಿದಿದ್ದಾರೆ. ಒಂದರಲ್ಲಿ ಹೋಟೆಲಿನವ, ಒಂದರಲ್ಲಿ ಅಂಚೆಯವ, ಮೂರರಲ್ಲಿ ಕುದುರೆಯ ಲಗಾಮು ಹಿಡಿದು ನಿಲ್ಲುವವ. ಪಿಕ್ಚರುಗಳು ನಮ್ಮ ಕಡೆಗೆ ಹಿಂದುಮುಂದಾಗಿ ಬರುತ್ತವೆ. ಹೋದ ಬೇಸಿಗೆಯಲ್ಲಿ ಮೀಸೆ ಪೂರ್ತಿ ನರೆತಿತ್ತು, ಈ ಬೇಸಿಗೆಯಲ್ಲಿ ಮದುವೆಗಂಡಿನ ಹಾಗೆ ಕಪ್ಪು. "ಏನಪ್ಪಾ, ಹರೆಯ ಬಂತಲ್ಲ ನಿಂಗೆ ಅಂದೆ" ಎಂದು ನಗುತ್ತಾರೆ.

ಅವರಲ್ಲಿ ಅಂಥದ್ದೇನಿದೆ ಎಂದು ಕೇಳುತ್ತೇನೆ.

"ಕೇಳಿಸ್ಕೊಳ್ಳೋದು ನೋಡಿ ಅಮ್ಮಾ. ಹೀರೋ ಸುಳ್ಳು ಹೇಳ್ತಾ ಇರ್ತಾನೆ. ಇವ್ರು ಹಿಂದೆ ನಿಂತು ಲೋಟ ಒರೆಸ್ತಿರ್ತಾರೆ. ಸುಳ್ಳು ಬಂದ ಕೂಡ್ಲೇ ಕೈ ನಿಧಾನ ಆಗ್ತದೆ. ನಂಗೆ ಇಂಗ್ಲಿಷ್ ಬರಲ್ಲ. ಆ ಕೈ ನೋಡಿ ಕತೆ ತಿಳ್ಕೊಂಡೆ."

ಹೋದ ವರ್ಷ ಹೊಸನಗರದಲ್ಲಿ ದಪ್ಪಮೀಸೆ ರೈಲ್ವೆ ಸ್ಟೇಷನ್ ಮಾಸ್ತರ. ಹೀರೋನನ್ನು ಬಚ್ಚಿಟ್ಟು ಕಾಪಾಡುವ ಅವರ ಭಾಗವನ್ನೇ ಮ್ಯಾನೇಜರು ತೆಗೆಸಿದರು. ಕೊನೆಗೆ ಹೀರೋ ಬಂದು ಯಾರೋ ಮುದುಕನನ್ನು ತಬ್ಬಿಕೊಂಡು ಅಳುತ್ತಾನೆ. ಟೆಂಟಿಗೆ ಟೆಂಟೇ ಕೂಗಿತು: "ಇವ ಯಾರ್ರೀ? ಇವ ಎಲ್ಲಿಂದ ಬಂದ?" ಮಾರನೆಯ ವಾರದಿಂದ ಸೀತಾರಾಮಪ್ಪ ಆಟವನ್ನೇ ಹತ್ತು ನಿಮಿಷ ಬೇಗ ಶುರು ಮಾಡಿದರು. ಕತ್ತರಿ ಮತ್ತೆ ಕೇಳಲಿಲ್ಲ.

ಆದರೂ ಜಟ್ಟಿಂಗಪ್ಪನವರ ಮನಸ್ಸಿಗೆ ಸಮಾಧಾನವಿಲ್ಲ. ಅರವತ್ತಮೂರನೇ ಇಸವಿಯಲ್ಲಿ ಸಾಗರದಲ್ಲಿ ಕೂತು ದಪ್ಪಮೀಸೆಗೊಂದು ಕಾಗದ ಬರೆದಿದ್ದರು. ಅದು ಮೂರು ವರ್ಷದಿಂದ ಟ್ರಂಕಿನಲ್ಲೇ ಇದೆ. ಹೆಸರೇ ಗೊತ್ತಿಲ್ಲದೆ ಕಳಿಸುವುದು ಯಾರಿಗೆ? ಹತ್ತೂರು ಸುತ್ತಿ ಬರುವ ಪಿಕ್ಚರಿನಲ್ಲಿ ಹೆಸರುಗಳಿರುವ ಮೊದಲ ತುಂಡು ಸವೆದು ಹೋಗಿರುತ್ತದೆ. "ನರೆತ ಮೀಸೇನೂ ನೋಡಿದೀನಲ್ಲ ಅಮ್ಮಾ, ವಯಸ್ಸಾಗಿದೆ. ಅವ್ರಿರೋವಾಗ್ಲೇ ತಲುಪ್ಬೇಕು."

ಈ ವಾರದ ಪಿಕ್ಚರಿನ ತಲೆ, ಅಂದರೆ ಆ ಮೊದಲ ತುಂಡು, ನೆಟ್ಟಗಿತ್ತು. ಇದರಲ್ಲಿ ದಪ್ಪಮೀಸೆ ಅಂಚೆಯವ. ಎಡಕ್ಕೆ ಪಾತ್ರ, ಬಲಕ್ಕೆ ನಟರ ಹೆಸರು. ಇಲ್ಲಿನ ಶಾಲೆಯ ಇಂಗ್ಲಿಷ್ ಟೀಚರ್ ವಾಗ್ದೇವಿ ಫಿಲ್ಮನ್ನು ಬೆಳಕಿಗೆ ಹಿಡಿದು ಓದಿದರು: ಅಂಚೆಯವ, ಓರಿನ್ ಟಡ್‌ಬೆರಿ. ಜಟ್ಟಿಂಗಪ್ಪ ಆ ಹೆಸರನ್ನು ನಾಲ್ಕು ಸಲ ಹೇಳಿಸಿಕೊಂಡರು. "ದಪ್ಪಮೀಸೇನೇ ಚೆನ್ನಾಗಿತ್ತು" ಅಂದರು.

ಕಾಗದವನ್ನು ಇಂಗ್ಲಿಷಿಗೆ ಮಾಡುವಾಗ ಟೀಚರು ಒಂದು ಮಾತು ಹೇಳಿದರು: "ಕತ್ತರಿಸಿದ್ದು ಬಿಟ್ಟುಬಿಡಿ ಜಟ್ಟಿಂಗಪ್ಪ, ಬೇಜಾರಾದೀತು."

"ಅದಿಲ್ದಿದ್ರೆ ಕಾಗ್ದ ಯಾಕೆ?"

ಇಂಗ್ಲಿಷಿನ ಕೆಳಗೆ ಅವರು ಲೆಕ್ಕ ತಿದ್ದಿ ಹೊಸದಾಗಿ ಬರೆದ ಕನ್ನಡವೂ ಇದೆ, ಗುಂಡಗಿನ ಅಕ್ಷರದಲ್ಲಿ: "ನಿಮ್ಮನ್ನು ಹನ್ನೊಂದು ಸಲ ಕತ್ತರಿಸಿದ್ದೇನೆ. ಪೆಟ್ಟಿಗೆ ಹೊರಡುವ ಮುಂಚೆ ಹನ್ನೊಂದು ಸಲವೂ ಅಂಟಿಸಿದ್ದೇನೆ. ಆಮೇಲೆ ಮುಂದಿನ ಊರಿನವರೆಲ್ಲ ನಿಮ್ಮನ್ನು ನೋಡಿದ್ದಾರೆ."

ಪೆಟ್ಟಿಗೆಯನ್ನು ಬಸ್ಸಿಗೆ ಹಾಕಿ ನಾವು ಅಂಚೆ ಕಚೇರಿಗೆ ಬರುತ್ತೇವೆ. ಪಿಕ್ಚರು ತೆಗೆದ ಕಂಪನಿಯ ವಿಳಾಸ ಲಕೋಟೆಯ ಮೇಲಿದೆ. ಅಂಚೆಯವರು ಅದನ್ನು ತೂಗಿ, ತಿರುಗಿಸಿ ನೋಡಿ, ಕನ್ನಡಕದ ಮೇಲಿಂದ ಕೇಳುತ್ತಾರೆ: "ಅಮೆರಿಕದಲ್ಲಿ ನೆಂಟರಾ?"

"ನೆಂಟರಲ್ಲ" ಎಂದು ಜಟ್ಟಿಂಗಪ್ಪ ಸ್ಟಾಂಪು ಹಚ್ಚಿ, ಹೆಬ್ಬೆರಳಿನಲ್ಲಿ ಒತ್ತಿ ಹಿಡಿಯುತ್ತಾರೆ. ಈ ಸಲ ಮಾತಾಡಿದರೂ ಎಣಿಕೆ ತಪ್ಪುವುದಿಲ್ಲ. ಇಪ್ಪತ್ತಾದ ಮೇಲೆ ಕಾಗದವನ್ನು ಡಬ್ಬಿಗೆ ಬಿಡುತ್ತಾರೆ.

"ಒಟ್ಟಿಗೆ ಕೆಲ್ಸ ಮಾಡೋರು."