ನಾಲ್ಕು ಮೀಟರ್ ಇಪ್ಪತ್ತೆಂಟು ಸೆಂಟಿಮೀಟರ್

ನಾನು ಹತ್ತಿರದಿಂದ ಕಂಡ ಒಬ್ಬನೇ ಒಬ್ಬ ಅಂತಾರಾಷ್ಟ್ರೀಯ ಕ್ರೀಡಾಪಟುವಿನ ಕೆಲಸ, ಈಜುಕೊಳದಲ್ಲಿ ಬಿದ್ದು ಸತ್ತ ಮಿಡತೆಗಳನ್ನು ಉದ್ದ ಕೋಲಿನ ಬಲೆಯಿಂದ ಎತ್ತಿ ಹಾಕುವುದಾಗಿತ್ತು. ಇದು ಎಂಬತ್ತರ ದಶಕದ ನಡುವಿನ ಮಾತು. ಯಾವ ವರ್ಷವೆಂದು ಕೇಳಿದರೆ ನಾನು ಒಂದು ಹೇಳುತ್ತೇನೆ, ನನ್ನ ಹಳೆಯ ಪಾಸ್‌ಪೋರ್ಟಿನ ಮುದ್ರೆ ಇನ್ನೊಂದು ಹೇಳುತ್ತದೆ. ಇಬ್ಬರಲ್ಲಿ ಪಾಸ್‌ಪೋರ್ಟನ್ನು ನಂಬುವುದು ಕ್ಷೇಮ.

ರಿಯಾದಿನಿಂದ ಅಲ್ ಖರ್ಜ್‌ಗೆ ಹೋಗುವ ದಾರಿಯಲ್ಲಿ ನಮ್ಮ ಕಟ್ಟಡ ಕಂಪನಿಯ ಕ್ಯಾಂಪ್ ಇತ್ತು. ಮೈಸೂರಿನಲ್ಲಿ ಸಂಖ್ಯಾಶಾಸ್ತ್ರದಲ್ಲಿ ಎಂ.ಎಸ್ಸಿ. ಮಾಡಿದ್ದ ನಾನು ಅಲ್ಲಿ ಟೈಮ್ ಕೀಪರ್. ಗೇಟಿನ ಬಳಿ ಕೂತು ಯಾರು ಎಷ್ಟು ಗಂಟೆಗೆ ಬಂದರೆಂದು ಬರೆಯುವುದಕ್ಕೆ ಸಂಖ್ಯಾಶಾಸ್ತ್ರ ಬೇಕಿರಲಿಲ್ಲ, ಕೈಬರಹ ಸಾಕಿತ್ತು. ಕಂಪನಿಯ ಪದ್ಧತಿ ಸರಳ. ಐದು ನಿಮಿಷ ತಡವಾಗಿ ಬಂದವನಿಗೆ ಅರ್ಧ ಗಂಟೆ ಕಟ್, ಇಪ್ಪತ್ತು ನಿಮಿಷ ಹೆಚ್ಚು ದುಡಿದವನಿಗೆ ಸೊನ್ನೆ. ನಾನು ವರ್ಷಗಟ್ಟಲೆ ಅದನ್ನು ಪಾಲಿಸಿದೆ, ಮನಸ್ಸಿಗೆ ಏನೂ ಅನ್ನಿಸಲಿಲ್ಲ. ಊರಲ್ಲಿ ದೇವರನ್ನೂ ಪ್ರಶ್ನಿಸುತ್ತಿದ್ದವನು ಅಲ್ಲಿ ಹಾಜರಿ ಪುಸ್ತಕವನ್ನು ಪ್ರಶ್ನಿಸಲಿಲ್ಲ.

ಆ ಈಜುಗಾರ ಒಂದು ದ್ವೀಪದೇಶದವನು. ದೇಶದ ಹೆಸರು ಹೇಳುವುದಿಲ್ಲ. ಅಲ್ಲಿ ಈಜುಗಾರರು ಎಷ್ಟು ಕಡಿಮೆಯೆಂದರೆ ದೇಶದ ಹೆಸರು ಹೇಳಿದರೆ ಅವನ ಹೆಸರನ್ನೇ ಹೇಳಿದಂತೆ. ಅವನ ವೀಸಾದಲ್ಲಿ 'ಪ್ಲಂಬರ್' ಎಂದಿತ್ತು. ಕೆಲಸ, ಯುರೋಪಿನ ಎಂಜಿನಿಯರುಗಳ ವಸತಿಯಲ್ಲಿದ್ದ ಈಜುಕೊಳವನ್ನು ಕಾಯುವುದು, ತೊಳೆಯುವುದು, ಯಾರಾದರೂ ಮುಳುಗಿದರೆ ಎತ್ತುವುದು. ಯಾರೂ ಮುಳುಗಲಿಲ್ಲವಾದ್ದರಿಂದ ಮಿಡತೆಗಳೇ ಗತಿ.

ಅವನು ತನ್ನ ದೇಶದ ಚಾಂಪಿಯನ್. ಅದು ಹೇಗೆ ಆದದ್ದೆಂದು ಅವನೇ ಹೇಳಿದ್ದ. ದಕ್ಕೆಯಿಂದ ಲಂಗರು ಹಾಕಿದ ಮೀನುದೋಣಿಯವರೆಗೆ ಸ್ಪರ್ಧೆ. ದೋಣಿ ಅಲೆಗೆ ಅತ್ತಿತ್ತ ತೇಲುತ್ತಿದ್ದರಿಂದ ದೂರ ಎಷ್ಟೆಂದು ಯಾರಿಗೂ ಗೊತ್ತಿರಲಿಲ್ಲ. ಗಡಿಯಾರ ಇದ್ದವರು ಮಂತ್ರಿಯೊಬ್ಬರೇ, ಅವರು ಊಟಕ್ಕೆ ಹೋಗಿದ್ದರು. ಎದುರಾಳಿಗಳು ಮೂವರು. ಅವರಲ್ಲಿ ಒಬ್ಬ ಅವನ ಚಿಕ್ಕಪ್ಪನ ಮಗ, ಅವನಿಗೆ ಅಂದು ಕಿವಿನೋವು. ಹೀಗೆ ಚಾಂಪಿಯನ್ ಆದವನು ಇದನ್ನೆಲ್ಲ ನಗುತ್ತಲೇ ಹೇಳುತ್ತಿದ್ದ, ಕೊನೆಗೆ ಮಾತ್ರ ನಗುತ್ತಿರಲಿಲ್ಲ. "ಭಾಯ್, ನಾನು ಎಷ್ಟು ಬೇಗ ಈಜುತ್ತೇನೆ ಅಂತ ನನಗೇ ಗೊತ್ತಿಲ್ಲ. ಇಷ್ಟು ವರ್ಷ ಆಯಿತು, ಒಂದು ಸಂಖ್ಯೆ ಇಲ್ಲ ನನ್ನ ಹತ್ತಿರ." ನಾವು ಮಾತಾಡುತ್ತಿದ್ದುದು ಸಿನಿಮಾ ನೋಡಿ ಕಲಿತ ಹಿಂದಿಯಲ್ಲಿ. ಅವನ ಹಿಂದಿ ನನ್ನದಕ್ಕಿಂತ ಚೆನ್ನಾಗಿತ್ತು.

ಒಂದು ದಿನ ಅವನ ಊರಿನಿಂದ ಪತ್ರ ಬಂತು. ಯಾವುದೋ ದೊಡ್ಡ ಕ್ರೀಡಾಕೂಟಕ್ಕೆ ಸಣ್ಣ ದೇಶಗಳಿಗೂ ಕರೆ ಬಂದಿದೆ, ಐವತ್ತು ಮೀಟರ್ ಈಜಿಗೆ ಒಬ್ಬನನ್ನು ಕಳಿಸಬಹುದು. ಇಪ್ಪತ್ತೇಳು ಸೆಕೆಂಡಿನ ಒಳಗೆ ಈಜಿದ ಪ್ರಮಾಣಪತ್ರ, ಅಳತೆ ಮಾಡಿದ ಕೊಳ, ಸಹಿ, ಮುದ್ರೆ ಎಲ್ಲ ತಿಂಗಳೊಳಗೆ ತಲುಪಿದರೆ ಅವನು. ಇಲ್ಲವಾದರೆ ಚಿಕ್ಕಪ್ಪನ ಮಗ. ಕಿವಿನೋವು ಈ ನಡುವೆ ವಾಸಿಯಾಗಿತ್ತು.

ಕ್ಯಾಂಪಿನಲ್ಲಿ ಸ್ಟಾಪ್‌ವಾಚ್ ಇದ್ದದ್ದು ನನ್ನ ಬಳಿ ಮಾತ್ರ. ಗಾರೆಯವನು ಒಂದು ಸಾಲು ಇಟ್ಟಿಗೆ ಇಡಲು ಎಷ್ಟು ಹೊತ್ತು ತೆಗೆದುಕೊಳ್ಳುತ್ತಾನೆಂದು ಅಳೆಯಲು ಮ್ಯಾನೇಜರ್ ಕೊಟ್ಟಿದ್ದರು. ಹೀಗೆ ನಸುಕಿನ ಫಜ್ರ್ ನಮಾಜಿನ ನಂತರ, ಎಂಜಿನಿಯರುಗಳು ಏಳುವ ಮೊದಲು, ನಾನು ಕೊಳದ ದಂಡೆಯಲ್ಲಿ ನಿಲ್ಲತೊಡಗಿದೆ. ಅವನು ಶುಕ್ರವಾರ ರಿಯಾದಿನ ಬತ್ಹಾ ಪೇಟೆಗೆ ಹೋಗಿ ಈಜುಕನ್ನಡಕ ಹುಡುಕಿ ತಂದಿದ್ದ. ಸಿಕ್ಕಿದ್ದು ಮಕ್ಕಳದು, ಗುಲಾಬಿ ಬಣ್ಣದ್ದು. ಅದನ್ನು ಹಾಕಿಕೊಂಡು ಅವನು ನೀರಿಗೆ ಹಾರುತ್ತಿದ್ದ. ಹೋಗಿ ಬರಲು ಇಪ್ಪತ್ತಾರು ಸೆಕೆಂಡಿನ ಆಸುಪಾಸು. ಕೊಳದ ಅಂಚಿನ ಹೆಂಚಿನ ಮೇಲೆ '25' ಎಂದು ಬರೆದಿತ್ತು, ಎರಡು ಸಲ ಈಜಿದರೆ ಐವತ್ತು. ಅವನಿಗೆ ಕೊನೆಗೂ ಸಂಖ್ಯೆಯೊಂದು ಸಿಕ್ಕಿತ್ತು. ಮೂರು ವಾರ ಅವನು ನೆಲದ ಮೇಲೆ ನಡೆದದ್ದು ನನಗೆ ನೆನಪಿಲ್ಲ.

ಪ್ರಮಾಣಪತ್ರದಲ್ಲಿ 'ಅಳತೆ ಮಾಡಿದ ಕೊಳ' ಎಂದು ಬರೆಯಬೇಕಿತ್ತಲ್ಲ. ಬೇರೆ ಯಾರಾದರೂ ಆಗಿದ್ದರೆ ಹೆಂಚು ನೋಡಿ ಬರೆಯುತ್ತಿದ್ದರು. ನಾನು ವಿಶ್ವವಿದ್ಯಾಲಯದಲ್ಲಿ ಓದಿದವನು. ಸ್ಟೋರಿನಿಂದ ಉದ್ದದ ಟೇಪು ತರಿಸಿದೆ. ಸ್ಟೋರ್ ಕೀಪರ್ ಭಟ್ಕಳದ ಹಾಜಿಯವರು. ಅವರ ಮನೆಮಾತು ನವಾಯತಿ, ನನ್ನದು ಬ್ಯಾರಿ, ಆದ್ದರಿಂದ ನಮ್ಮ ಜಗಳಗಳೆಲ್ಲ ಕನ್ನಡದಲ್ಲಿ. ಟೇಪಿನ ಒಂದು ತುದಿ ಅವರು ಹಿಡಿದರು, ಇನ್ನೊಂದು ನಾನು. ಇಪ್ಪತ್ತೆರಡು ಮೀಟರ್ ಎಂಬತ್ತಾರು ಸೆಂಟಿಮೀಟರ್. ಮತ್ತೊಮ್ಮೆ ಅಳೆದೆವು. ಅಷ್ಟೇ. ಕೊಳವನ್ನು ಕಟ್ಟಿದ್ದು ಅಮೆರಿಕದವರ ನಕ್ಷೆಯಂತೆ. ಹೆಂಚಿನ ಮೇಲಿನ ಇಪ್ಪತ್ತೈದು, ಮೀಟರ್ ಅಲ್ಲ, ಗಜ.

ಹೋಗಿ ಬಂದರೆ ಐವತ್ತು ಮೀಟರಿಗೆ ನಾಲ್ಕು ಮೀಟರ್ ಇಪ್ಪತ್ತೆಂಟು ಸೆಂಟಿಮೀಟರ್ ಕಡಿಮೆ. ಕಾಗದದ ಮೇಲೆ ಲೆಕ್ಕ ಹಾಕಿದೆ. ನಮ್ಮ ಚಾಂಪಿಯನ್ ನಿಜವಾದ ಐವತ್ತಕ್ಕೆ ಇಪ್ಪತ್ತೆಂಟು ಸೆಕೆಂಡ್ ದಾಟುತ್ತಾನೆ.

ಇದು ತಪ್ಪು, ಸಹಿ ಹಾಕುವುದಿಲ್ಲ ಎಂದೆ. ಹಾಜಿಯವರು ಟೇಪು ಸುತ್ತುತ್ತಿದ್ದರು. ತಲೆ ಎತ್ತದೆ ಕೇಳಿದರು.

"ಎಂತದು ತಪ್ಪು, ಮಾಷ್ಟ್ರೆ? ಇಪ್ಪತ್ತೈದು ಅಂತ ಬರ್ದದ್ದು ನಾನಾ, ನೀವಾ?"

"ಬರೆದದ್ದು ಯಾರೇ ಆಗಲಿ, ಅಳತೆ ಅಳತೆಯೇ ಹಾಜಿಯವರೇ."

"ಹೌದಾ? ಗೇಟಲ್ಲಿ ಕೂತು ದಿನಾ ಜನರ ಅರ್ಧ ಗಂಟೆ ನುಂಗ್ತೀರಿ, ಅದು ಯಾವ ಅಳತೆ ಮಾರಾಯ್ರೆ? ಐದು ನಿಮಿಷವನ್ನು ಅರ್ಧ ಗಂಟೆ ಮಾಡ್ಲಿಕ್ಕೆ ನಿಮ್ಗೆ ಬರ್ತದೆ. ಈ ಪಾಪದವನಿಗೆ ನಾಲ್ಕು ಮೀಟರ್ ಬಿಡ್ಲಿಕ್ಕೆ ಮಾತ್ರ ಮೈಸೂರು ನೆನಪಾಗ್ತದೆ."

ಇದಕ್ಕೆ ನಾನು ತಕ್ಕ ಉತ್ತರ ಕೊಟ್ಟೆನೆಂದು ಬಹಳ ವರ್ಷ ನಂಬಿದ್ದೆ. ಯೋಚಿಸಿದರೆ, ಆ ಉತ್ತರ ಹೊಳೆದದ್ದು ಊರಿಗೆ ಮರಳಿದ ಎಷ್ಟೋ ಕಾಲದ ಮೇಲೆ.

ಈಜುಗಾರನಿಗೆ ನಾನೇ ಹೇಳಿದೆ. ಅವನು ಕನ್ನಡಕ ತೆಗೆದು, ಕೊಳವನ್ನು ಈ ತುದಿಯಿಂದ ಆ ತುದಿಯವರೆಗೆ ನೋಡಿದ. ಸಮುದ್ರ ಸುಳ್ಳು ಹೇಳುವುದು ಅವನಿಗೆ ಗೊತ್ತಿತ್ತು. ಸಿಮೆಂಟು ಹೇಳುತ್ತದೆಂದು ಗೊತ್ತಿರಲಿಲ್ಲ. ಹಾಗಾದರೆ ಉಳಿದ ನಾಲ್ಕು ಮೀಟರನ್ನೂ ಈಜುತ್ತೇನೆ ಎಂದ.

ಹಾಗೆ ನನ್ನ ವೈಜ್ಞಾನಿಕ ವ್ಯವಸ್ಥೆ ಹುಟ್ಟಿತು. ಹೊರಟ ಗೋಡೆಯಿಂದ ನಾಲ್ಕು ಮೀಟರ್ ಇಪ್ಪತ್ತೆಂಟಕ್ಕೆ ದಂಡೆಯ ಮೇಲೆ ಸೀಮೆಸುಣ್ಣದಿಂದ ಗೆರೆ. ಅವನು ಹೋಗಿ, ಬಂದು, ಮತ್ತೆ ತಿರುಗಿ ಆ ಗೆರೆಯವರೆಗೆ ಈಜಬೇಕು. ನೀರಿನಲ್ಲಿದ್ದವನಿಗೆ ಗೆರೆ ಕಾಣದು, ಆದ್ದರಿಂದ ಒಂದು ಹಗ್ಗ. ಅದರ ಒಂದು ತುದಿ ಆಚೆ ದಂಡೆಯ ಕೊಡೆಯ ಕಂಬಕ್ಕೆ, ಇನ್ನೊಂದು ಈಚೆಗೆ ಹಾಜಿಯವರ ಕೈಗೆ. ಅವನು ಮರಳಿ ಬಂದು ಗೋಡೆ ಸೇರುತ್ತಿದ್ದಂತೆ ಹಾಜಿಯವರು ಹಗ್ಗವನ್ನು ನೀರಿಗೆ ಇಳಿಸಬೇಕು, ಅವನ ಕೈ ಹಗ್ಗ ಮುಟ್ಟಿದ ಕೂಡಲೇ ನಾನು ವಾಚ್ ಒತ್ತಬೇಕು.

ಪತ್ರ ಕಳಿಸಲು ಕೊನೆಯ ದಿನ. ಹಿಂದಿನ ದಿನದ ಧೂಳುಗಾಳಿಯಿಂದ ನೀರು ಚಹಾದ ಬಣ್ಣಕ್ಕೆ ತಿರುಗಿತ್ತು. ಸೀಟಿ ಊದಿದೆ, ಅವನು ಹಾರಿದ. ಮುಂದಿನದು ನನಗೆ ಬಹಳ ಸ್ಪಷ್ಟವಾಗಿ ನೆನಪಿದೆ, ಅದಕ್ಕೇ ಅನುಮಾನ. ಅವನು ತಿರುಗಿದ್ದು, ಹಾಜಿಯವರು ಲುಂಗಿ ಎತ್ತಿ ಕಟ್ಟಿ ಹಗ್ಗ ಇಳಿಸಿದ್ದು, ಕಂದು ನೀರಿನಿಂದ ಒಂದು ಕೈ ಬಂದದ್ದು. ಮುಳ್ಳು ಇಪ್ಪತ್ತಾರು ಸೆಕೆಂಡ್ ದಾಟಿ ಒಂಬತ್ತನೆಯ ಗೆರೆಯ ಮೇಲೆ ನಿಂತಿತ್ತು. ಇಪ್ಪತ್ತಾರು ಪಾಯಿಂಟ್ ಒಂಬತ್ತು.

ಹಾಜಿಯವರು ಆಗಲೇ ಹಗ್ಗ ಸುತ್ತತೊಡಗಿದ್ದರು. ಪಾಸಾದ ಅಂಕಪಟ್ಟಿಯನ್ನು ಯಾರೂ ಮರುಎಣಿಕೆಗೆ ಹಾಕುವುದಿಲ್ಲ.

ಪ್ರಮಾಣಪತ್ರವನ್ನು ಕಂಪನಿಯ ಲೆಟರ್‌ಹೆಡ್ ಮೇಲೆ ನಾನೇ ಟೈಪ್ ಮಾಡಿದೆ. ಮುದ್ರೆ ಬೇಕಿತ್ತು. ಹಾಜಿಯವರ ಬಳಿ ಇದ್ದದ್ದು ಸ್ಟೋರಿನ ಒಂದೇ ದುಂಡು ಮುದ್ರೆ, ಅರಬಿಯಲ್ಲಿ 'ಸಾಮಾನು ಸುಸ್ಥಿತಿಯಲ್ಲಿ ತಲುಪಿದೆ' ಎಂದು. ಅದನ್ನೇ ಒತ್ತಿದರು. ದ್ವೀಪದವರು ನಮ್ಮವರಂತೆಯೇ, ಅರಬಿ ಓದಲು ಕಲಿತವರು, ಅರ್ಥ ಕಲಿಯದವರು. ಮುದ್ರೆಗೆ ಅಲ್ಲಿ ಬಹಳ ಗೌರವ ಸಿಕ್ಕಿತಂತೆ.

ಅವನು ಆಯ್ಕೆಯಾದ. ರಜೆಗೆ ಅವನ ವೀಸಾದ ಜಾಮೀನುದಾರ ಕಫೀಲನ ಸಹಿ ಬೇಕಿತ್ತು. ತನ್ನ ಪ್ಲಂಬರ್ ರಾಷ್ಟ್ರೀಯ ಚಾಂಪಿಯನ್ ಎಂದು ಕೇಳಿ ಕಫೀಲ ತುಂಬ ಹೊತ್ತು ನಕ್ಕು, ಹಾಗೆ ನಗಿಸಿದ್ದಕ್ಕೆ ಸಹಿ ಹಾಕಿದ. ಈಜುಗಾರನ ದೇಶದ ಪತ್ರಿಕೆಯಲ್ಲಿ ಫೋಟೊ ಬಂತು: ರಿಯಾದಿನಲ್ಲಿ ಹೊಸ ರಾಷ್ಟ್ರೀಯ ದಾಖಲೆ. ಹಳೆಯ ದಾಖಲೆ ಎಂಬುದೇ ಇಲ್ಲದ ದೇಶದಲ್ಲಿ ಅದು ಹೊಸತೇ ಆಗಿತ್ತು.

ಕೂಟ ಮುಗಿಸಿ ಅವನು ಕ್ಯಾಂಪಿಗೆ ಮರಳಿದಾಗ ಕೈಯಲ್ಲಿ ಬಣ್ಣದ ಬ್ಯಾಗಿತ್ತು, ಮುಖದಲ್ಲಿ ಏನೂ ಇರಲಿಲ್ಲ. ಎಂಟು ಜನರಲ್ಲಿ ಎಂಟನೆಯವನು. ಇಪ್ಪತ್ತೆಂಟು ಪಾಯಿಂಟ್ ಆರು. ಅದು ಸೋಲೆಂದು ಅವನಿಗೆ ಬೇಸರವಿರಲಿಲ್ಲ, ಕೊನೆಯವನಾಗುತ್ತೇನೆಂದು ಮೊದಲೇ ಗೊತ್ತಿತ್ತು. ಆದರೆ ಊರಿನಲ್ಲಿ ಒಕ್ಕೂಟದವರು, ಮನೆಯವರು, ಚಿಕ್ಕಪ್ಪನ ಮಗ, ಎಲ್ಲರ ಬಾಯಲ್ಲೂ ಒಂದೇ ಮಾತು. ರಿಯಾದಿನಲ್ಲಿ ಇಪ್ಪತ್ತಾರು ಪಾಯಿಂಟ್ ಒಂಬತ್ತು ಈಜಿದವನು, ದೇಶದ ಬಾವುಟ ಎದೆಯ ಮೇಲಿದ್ದಾಗ ಮೈಗಳ್ಳತನ ಮಾಡಿದ. ಒಬ್ಬರು ದಾಖಲೆಗೆಂದು ಕೊಟ್ಟಿದ್ದ ಉಡುಗೊರೆಯ ವಾಚನ್ನು ವಾಪಸು ಕೇಳಿದ್ದರು.

ಸ್ಟೋರಿನಲ್ಲಿ ಸಿಮೆಂಟು ಚೀಲದ ಮೇಲೆ ಕೂತು ಅವನು ಕೇಳಿದ. "ಇಬ್ಬರೂ ನಿಜ ಹೇಳಿ. ಆ ದಿನ ಎಷ್ಟಾಗಿತ್ತು? ನಾನು ಕೂಟದಲ್ಲಿ ಪ್ರಾಣ ಪಣಕ್ಕಿಟ್ಟು ಈಜಿದ್ದೇನೆ. ಅದು ಕಡಿಮೆಯಾಯಿತೋ, ಇಲ್ಲ ಇದ್ದದ್ದೇ ಅಷ್ಟೋ, ನನಗೆ ಗೊತ್ತಾಗಬೇಕು."

ಮೊದಲು ಬಾಯಿ ಬಿಟ್ಟವರು ಹಾಜಿಯವರು. ಹಗ್ಗ ಇಳಿಸುವಾಗ ಗೆರೆಯಿಂದ ಎರಡು ಹೆಜ್ಜೆ ಹೊರಟ ಗೋಡೆಯ ಕಡೆಗೆ ಬಂದಿದ್ದರಂತೆ. ಕಾಲು ಜಾರಿತು ಎಂದರು, ಸ್ವಲ್ಪ ಬಿಟ್ಟು, ಜಾರಿಸಿದೆ ಎಂದರು. ನಾನು ಅವರನ್ನು ದುರುಗುಟ್ಟಿ ನೋಡಿದೆ. ಹಾಗೆ ನೋಡಲು ನನಗೇನೂ ಹಕ್ಕಿರಲಿಲ್ಲ. ನನ್ನ ಹೆಬ್ಬೆರಳು ಅವನ ಕೈ ಹಗ್ಗಕ್ಕೆ ತಾಗುವ ಮೊದಲೇ ಒತ್ತಿತ್ತು. ಸೀಟಿ ಊದಿದ ಕೂಡಲೇ ವಾಚ್ ಶುರು ಮಾಡದೆ, ಅವನ ಕಾಲು ದಂಡೆ ಬಿಟ್ಟ ಮೇಲೆ ಮಾಡಿದ್ದೂ ನಾನೇ. ಇದನ್ನು ನಾನು ಅಂದು ಒಪ್ಪಿಕೊಂಡೆನೋ, ಹಾಜಿಯವರು ಕಂಡುಹಿಡಿದು ಹೇಳಿದರೋ, ಈಗ ಖಚಿತವಿಲ್ಲ. ನನ್ನ ನೆನಪಿನಲ್ಲಿ ನಾನು ಧೈರ್ಯದಿಂದ ಒಪ್ಪಿಕೊಳ್ಳುತ್ತೇನೆ. ನನ್ನ ನೆನಪು ನನ್ನ ಬಗ್ಗೆ ಯಾವಾಗಲೂ ಉದಾರಿ.

ಸುಮ್ಮನಿರಲಾರದೆ ಲೆಕ್ಕ ಹಾಕಿದೆ. ಎರಡು ಹೆಜ್ಜೆಗೆ ಇಷ್ಟು, ಹೆಬ್ಬೆರಳಿಗೆ ಇಷ್ಟು, ಸೀಟಿಗೆ ಇಷ್ಟು. ಕೂಡಿಸಿದರೆ ಇಪ್ಪತ್ತೆಂಟರ ಮೇಲೆ ಅರ್ಧ ಸೆಕೆಂಡ್. ಕೂಟದಲ್ಲಿ ಅವನು ಈಜಿದ್ದೂ ಹೆಚ್ಚು ಕಡಿಮೆ ಅಷ್ಟೇ, ಅದೂ ಮಧ್ಯೆ ಗೋಡೆ ಒದೆಯಲು ಸಿಗದ ದೊಡ್ಡ ಕೊಳದಲ್ಲಿ. ಅಂದರೆ ಕೂಟದಲ್ಲಿ ಅವನು ಮೊದಲಿಗಿಂತ ಚೆನ್ನಾಗಿಯೇ ಈಜಿದ್ದ. ಲೆಕ್ಕ ಇಷ್ಟು ಸಲೀಸಾಗಿ ಹೊಂದಿದಾಗ ಅನುಮಾನಿಸಬೇಕೆಂದು ನಮಗೆ ಕಲಿಸಿದ್ದರು. ಆದರೂ ಹೇಳಿದೆ. ಅವನಿಗೆ ಸಮಾಧಾನವಾಗುತ್ತದೆ ಎಂದುಕೊಂಡಿದ್ದೆ.

"ಹಾಗಾದರೆ ಆ ದಾಖಲೆ ನಿಮ್ಮಿಬ್ಬರದು," ಎಂದ. "ನನ್ನ ಹೆಸರು ಅದರಿಂದ ತೆಗೆಸಿ."

ನಾನು ಅವನ ಒಕ್ಕೂಟಕ್ಕೆ ಪತ್ರ ಬರೆದೆ. ಗಜ, ಮೀಟರ್, ಹಗ್ಗ, ಹೆಬ್ಬೆರಳು, ಎಲ್ಲ ವಿವರ. ಉತ್ತರ ಬರಲು ಎರಡು ತಿಂಗಳು ಹಿಡಿಯಿತು. ದಾಖಲೆಯನ್ನು ಮುರಿಯಲು ಅವಕಾಶವಿದೆ, ಹಿಂಪಡೆಯಲು ನಿಯಮವಿಲ್ಲ. ಅಲ್ಲದೆ ಮುದ್ರೆ ಅಧಿಕೃತವಾಗಿದೆ.

ಹಾಜಿಯವರು ಪತ್ರ ಕೇಳಿ ಕೆಮ್ಮು ಬರುವವರೆಗೆ ನಕ್ಕರು. ಈಜುಗಾರ ನಗಲಿಲ್ಲ. ಮರುದಿನ ಬೆಳಿಗ್ಗೆ ನಮ್ಮಿಬ್ಬರನ್ನೂ ಕೊಳಕ್ಕೆ ಕರೆದ. ಹಗ್ಗವನ್ನು ತಾನೇ ಗೆರೆಯಲ್ಲಿ ಎರಡೂ ಕಡೆ ಕಬ್ಬಿಣದ ಸರಳಿಗೆ ಬಿಗಿದಿದ್ದ, ಈಜುವಾಗ ಅಡಿಯಿಂದ ನುಸುಳಿ ಹೋಗುವಷ್ಟು ಮೇಲಕ್ಕೆ. ಕೊನೆಗೆ ಕೈ ಎತ್ತಿ ಮುಟ್ಟುತ್ತೇನೆ ಎಂದ. ಹಾಜಿಯವರನ್ನು ದೂರದ ಕುರ್ಚಿಯಲ್ಲಿ ಕೂರಿಸಿದ. ನನಗೆ, ಸೀಟಿಗೆ ಶುರು, ಹಗ್ಗ ಅಲುಗಿದರೆ ನಿಲ್ಲಿಸು, ಅದಕ್ಕಿಂತ ಮೊದಲೂ ಬೇಡ, ಪಾಪ ಅಂತಲೂ ಬೇಡ ಎಂದ.

ಹಗ್ಗ ಅಲುಗಿತು, ಒತ್ತಿದೆ. ಅವನು ದಂಡೆಗೆ ಮೊಣಕೈ ಊರಿ ಉಸಿರು ಬಿಡುತ್ತಿದ್ದ. ನಾನು ಮುಳ್ಳು ನೋಡಿ ಜೋರಾಗಿ ಓದಿದೆ. ಇನ್ನೊಮ್ಮೆ ಓದು ಎಂದ. ಓದಿದೆ. ಇಪ್ಪತ್ತೆಂಟರ ಸುತ್ತಮುತ್ತ ಏನೋ. ಸ್ವಲ್ಪ ಕೆಳಗೋ, ಸ್ವಲ್ಪ ಮೇಲೋ, ಎಷ್ಟು ತಡಕಿದರೂ ಈಗ ಸಿಗುತ್ತಿಲ್ಲ. ಬೇಡದ ಆ ಇಪ್ಪತ್ತಾರು ಪಾಯಿಂಟ್ ಒಂಬತ್ತು ಮಾತ್ರ ನಿದ್ದೆಯಲ್ಲಿ ಎಬ್ಬಿಸಿ ಕೇಳಿದರೂ ಹೇಳುತ್ತೇನೆ.

ಕೊಳಕ್ಕೆ ಎಷ್ಟು ಕ್ಲೋರಿನ್ ಹಾಕಿದೆ ಎಂದು ದಿನಾ ಬರೆಯುವ ಪುಸ್ತಕ ಪಂಪಿನ ಮೇಲೆ ಇತ್ತು. ಕೈ ಒರೆಸಿಕೊಂಡು ಅವನು ಆ ದಿನದ ಸಾಲಿನ ಮುಂದೆ ಸಂಖ್ಯೆಯನ್ನು ತಾನೇ ಬರೆದ, ಅಡಿಯಲ್ಲಿ ಸಹಿ ಹಾಕಿದ. ಹಾಜಿಯವರು ಮುದ್ರೆ ತರಲೇ ಎಂದರು. ಬೇಡ ಎಂದು, ಪುಸ್ತಕ ಮುಚ್ಚಿ, ಬಲೆಯ ಕೋಲು ಎತ್ತಿಕೊಂಡ. ಎಂಜಿನಿಯರುಗಳು ಬರುವ ಹೊತ್ತಾಗಿತ್ತು.